ಕಿಟಕಿಯ ಸಂದಿಗೊಂದು ಸೀಲಂಟು

ಅಂಗಡಿಯಲ್ಲಿ ಸಂದಿ ಮುಚ್ಚುವ ಸೀಲಂಟಿನ ಕೊಳವೆಗಳ ಮುಂದೆ ನಿಂತರೆ ನನಗೆ ಟೂತ್‌ಪೇಸ್ಟೇ ನೆನಪಾಗುತ್ತದೆ: ಯಾವುದಾದರೇನು, ಒತ್ತಿದರೆ ಬರುತ್ತದೆ. ಈ ತಿಳಿವಳಿಕೆಯ ಬಲದಿಂದಲೇ ಬೀದರಿನ ಚಿದ್ರಿಯಲ್ಲಿರುವ ನಮ್ಮ ಮನೆಯ ಪಡುವಣ ಕಿಟಕಿಯ ಸಂದಿಗೆ ಒಂದು ಕೊಳವೆ ಖಾಲಿ ಮಾಡಿದ್ದೆ. ಮೊದಲ ಜೋರು ಮಳೆಗೇ ಅದು ಹಲ್ಲಿಯ ಬಾಲದಂತೆ ಕಳಚಿ ಬಿತ್ತು.

ಬೇರೆ ವರ್ಷವಾಗಿದ್ದರೆ ಗೋಡೆಯ ತೇವದ ಮೇಲೊಂದು ಕ್ಯಾಲೆಂಡರು ತೂಗುಹಾಕಿ ಸುಮ್ಮನಾಗುತ್ತಿದ್ದೆ. ಈ ಸಲ ಆ ಕೋಣೆಯಲ್ಲಿ ಅಕ್ಕ ಇದ್ದಳು. ಔರಾದಿನಲ್ಲಿ ಶಿಕ್ಷಕಿ, ದಮ್ಮು ಹೆಚ್ಚಾಗಿ ರಜೆ ಹಾಕಿ ಬಂದಿದ್ದಳು. ಗೋಡೆಯ ಕರಿ ಬೂಷ್ಟು ಹಬ್ಬಿದಂತೆ ಅವಳ ಕೆಮ್ಮೂ ಏರಿತು. ನಮಗೆ ಹೊರೆಯಾಗಬಾರದೆಂದು ಸದ್ದಿಲ್ಲದೆ ಬಟ್ಟೆ ಮಡಚಿ ಚೀಲಕ್ಕೆ ತುಂಬತೊಡಗಿದಳು.

ಅದನ್ನು ಕಂಡವಳು ನನ್ನ ಹೆಂಡತಿ ಸುನೀತಾ. ಬೀದರಿನ ಆಸ್ಪತ್ರೆಯೊಂದರಲ್ಲಿ ನರ್ಸು. ಅಕ್ಕನ ಕೈಯಿಂದ ಚೀಲ ತೆಗೆದು ಅಲಮಾರಿಯ ಮೇಲಿಟ್ಟು, "ಕಿಟಕಿ ನೆಟ್ಟಗ ಆಗೋತನಾ ನಿಮಗ ಡಿಸ್ಚಾರ್ಜ್ ಇಲ್ರಿ, ಅಕ್ಕಾ," ಅಂದಳು. ಅಕ್ಕನ ಮಂಚ ನಮ್ಮ ಕೋಣೆಗೆ ಬಂತು. ನಾನು ಪಡಸಾಲೆಗೆ ಬಂದೆ.

ಉತ್ಸಾಹದಿಂದ ಹೊಸ ಕೊಳವೆ ತರಲು ಹೊರಟ ನನ್ನನ್ನು ಸುನೀತಾ ಬಾಗಿಲಲ್ಲೇ ತಡೆದಳು.

"ಗಾಯ ತೊಳಿಲಾರದ ಪಟ್ಟಿ ಕಟ್ತಾರೇನ್ರಿ?"

ಮೂಗಿಗೆ ಮಾಸ್ಕು ಕಟ್ಟಿ ಹಳೆಯದನ್ನೆಲ್ಲ ಕೆರೆದಳು, ಬೂಷ್ಟು ಒರೆಸಿದಳು. ಮಳೆ ಬಿಡುವು ಕೊಟ್ಟು ಗೋಡೆ ಒಣಗುವವರೆಗೆ ಕಾದಳು. ಆ ಕಾಯುವಿಕೆ ನನ್ನಿಂದಾಗದ ಕೆಲಸ. ಅಂಗಡಿಯಲ್ಲಂತೂ ಔಷಧಿಯ ಬಾಟಲಿ ಓದುವವಳಂತೆ ಪ್ರತಿಯೊಂದನ್ನೂ ತಿರುಗಿಸಿ ಓದಿದಳು. ಅಕ್ರಿಲಿಕ್ ಸೀಲಂಟಿನ ಮೇಲೆ ಬಣ್ಣ ಹಿಡಿಯುತ್ತದೆ, ಮನೆಯೊಳಗಿನ ಸಣ್ಣ ಬಿರುಕಿಗೆ ಸಾಕು; ನಾನು ಹೊರಗೆ ಬಳಿದದ್ದು ಅದನ್ನೇ, ಅದೂ ಹಸಿ ಗೋಡೆಗೆ. ಸಿಲಿಕೋನು ಬಚ್ಚಲಿಗೆ ಒಳ್ಳೆಯದು, ಆದರೆ ಅದರ ಮೇಲೆ ಬಣ್ಣ ನಿಲ್ಲುವುದಿಲ್ಲ. ಬೀದರಿನ ಬಿಸಿಲಿಗೆ ಹಿಗ್ಗುವ ಕಬ್ಬಿಣದ ಚೌಕಟ್ಟಿಗೂ ಜಗ್ಗದ ಗೋಡೆಗೂ ನಡುವೆ ನಿಲ್ಲಲು ಎರಡನ್ನೂ ಹಿಡಿದು ರಬ್ಬರಿನಂತೆ ಹಿಗ್ಗಿ ಕುಗ್ಗುವಂಥದ್ದು ಬೇಕು. ಪಾಲಿಯುರೆಥೇನ್ ಆರಿಸಿದಳು. ಕೊಳವೆಗೂ ಎಕ್ಸ್‌ಪೈರಿ ಇರುತ್ತದೆಂದು ನನಗೆ ಗೊತ್ತಾದದ್ದು ಅವಳು ಮೊದಲನೆಯದನ್ನು ವಾಪಸು ಕೊಟ್ಟಾಗ.

ಆಳವಾದ ಕಡೆ ಫೋಮಿನ ಹುರಿ ತುರುಕಿ, ಮೇಲೆ ಉಸಿರು ಬಿಗಿಹಿಡಿದು ಸೀಲಂಟಿನ ಒಂದೇ ಗೆರೆ ಎಳೆದಳು. ಏಣಿ ಹಿಡಿದದ್ದು ನಾನು. ಎಷ್ಟು ಗಟ್ಟಿಯಾಗಿ ಹಿಡಿದೆನೆಂದು ನಾನೇ ಹೇಳಿಕೊಳ್ಳಬೇಕಾಯಿತು.

ಕೆಲದಿನಗಳ ಮೇಲೆ ಒಂದು ಸಂಜೆ ಗಾಳಿ ಸಮೇತ ಮಳೆ ಬಂತು. ಸುನೀತಾ ಚೌಕಟ್ಟಿನುದ್ದಕ್ಕೂ ಅಂಗೈ ಸವರಿ, ಆ ಅಂಗೈಯನ್ನು ಅಕ್ಕನ ಕೆನ್ನೆಗಿಟ್ಟಳು. ಅಂಗೈಗೆ ಹನಿ ತೇವವೂ ತಾಗಿರಲಿಲ್ಲ. ಅಕ್ಕ ತನ್ನ ಕೋಣೆಗೆ ಮರಳಿ, ಕಿಟಕಿಗೆ ಬೆನ್ನು ಕೊಟ್ಟು ಕೂತು ಚಹಾ ಕೇಳಿದಳು.

ನಾನು ಚಹಾಕ್ಕಿಟ್ಟೆ. ಮಳೆ ಸುರಿಯುತ್ತಲೇ ಇತ್ತು, ಅದು ಇರಬೇಕಾದ ಕಡೆ.