ರೆಕ್ಕೆಯ ಒಳಗಿದ್ದವಳು

ಥೆಲ್ಮಾಳ ಹೆಸರು ಪುಸ್ತಕದಲ್ಲಿ ಬರುತ್ತದೆ ಎಂದು ಗೊತ್ತಾದ ದಿನದಿಂದ ಬರ್ನೀಸಳಿಗೆ ತಿಂದದ್ದು ಮೈಗೆ ಹತ್ತಲಿಲ್ಲ. ಅಮೆರಿಕದ ಬಫಲೋ ಊರಾಚೆಯ ಬಡಾವಣೆಯಲ್ಲಿ ಇಬ್ಬರದೂ ಎದುರುಬದುರು ಮನೆ. ಎರಡನೇ ಮಹಾಯುದ್ಧ ಮುಗಿದು ಗಂಡಂದಿರು ವಾಪಸಾದ ಮೇಲೆ ಒಂದೇ ವರ್ಷ ಕೊಂಡದ್ದು, ಒಂದೇ ಅಚ್ಚಿನವು. ಈಗ ೧೯೭೯. ಇಷ್ಟು ವರ್ಷ ಥೆಲ್ಮಾಳ ಹೊಸ ಪರದೆ, ಥೆಲ್ಮಾಳ ಸೊಂಟ, ಥೆಲ್ಮಾಳ ಕೇಕು ಎಲ್ಲವನ್ನೂ ಬರ್ನೀಸ್ ಹೇಗೋ ನುಂಗಿಕೊಂಡಿದ್ದಳು. ಇದೊಂದು ಗಂಟಲಲ್ಲಿ ಇಳಿಯಲಿಲ್ಲ.

ಮಿಸ್ ಟಾಲ್ಬಟ್ ಎಂಬ ಹುಡುಗಿ ಇತಿಹಾಸ ಬರೆಯುವವಳು. ಈ ಬಡಾವಣೆಯ ಹೆಂಗಸರು ಯುದ್ಧಕಾಲದಲ್ಲಿ ಏನು ಮಾಡಿದರು ಎಂದು ಕೇಳುತ್ತ ಟೇಪ್ ರೆಕಾರ್ಡರ್ ಹೊತ್ತು ಮನೆಮನೆ ತಿರುಗಿದ್ದಳು. ಬರ್ನೀಸಳ ಬಾಗಿಲಿಗೇ ಮೊದಲು ಬಂದದ್ದು.

"ವಿಮಾನದ ಕಾರ್ಖಾನೇಲಿ ನೀವು ರಿವೆಟರ್ ಆಗಿದ್ರಾ?"

"ಇಲ್ಲಮ್ಮಾ."

ಹುಡುಗಿ ಥ್ಯಾಂಕ್ಸ್ ಹೇಳಿ ಎದುರು ಮನೆಗೆ ಹೋದಳು.

ಬರ್ನೀಸ್ ಸುಳ್ಳು ಹೇಳಿರಲಿಲ್ಲ. ಕಾರ್ಖಾನೆಯ ಮಾತಿನಲ್ಲಿ ರಿವೆಟರ್ ಎಂದರೆ ಹೊರಗೆ ನಿಂತು ಗಾಳಿಗನ್ನಿನಿಂದ ರಿವೆಟ್ ಮೊಳೆ ಹೊಡೆದು ತಗಡು ಕೂಡಿಸುವವಳು. ರೆಕ್ಕೆಯ ಒಳಗೆ ತೂರಿಕೊಂಡು, ಆ ರಿವೆಟ್ಟಿನ ತುದಿಗೆ ಕಬ್ಬಿಣದ ಗಟ್ಟಿ ಒತ್ತಿ ಹಿಡಿಯುವವಳು ಬಕರ್. ಬರ್ನೀಸ್ ಮೂರು ವರ್ಷ ಬಕರ್. ಹೊಡೆತದ ಅದುರಾಟವೆಲ್ಲ ಇವಳ ಮೊಣಕೈಗೆ. ರಿವೆಟ್ ಸರಿಯಾಗಿ ಕೂತರೆ ಒಳಗಿಂದ ಒಂದು ಸಲ ಕುಟ್ಟುವುದು, ಇನ್ನೂ ಹೊಡಿ ಎನ್ನಬೇಕಾದರೆ ಎರಡು ಸಲ. ತೀರ್ಮಾನ ಇವಳದೇ. ಹೊರಗೆ ಗನ್ನು ಹಿಡಿದು ಕಾಯುತ್ತಿದ್ದವಳು ಥೆಲ್ಮಾ.

ಪುಸ್ತಕದ ಟೈಪು ಮಾಡಿದ ಹಾಳೆಗಳು ಬಂದಾಗ ಥೆಲ್ಮಾ ಇವಳನ್ನು ಕಾಫಿಗೆ ಕರೆದು, ಕನ್ನಡಕ ಏರಿಸಿ, ಒಂದಕ್ಷರ ಬಿಡದೆ ಓದಿದಳು. ನಾನು ಹೊಡೆದೆ, ನಾನು ನಿಂತೆ, ನಾನು ಕೂಡಿಸಿದೆ. ಒಂದು ಕಡೆ ಮಾತ್ರ "ಒಳಗಿದ್ದ ಹುಡುಗಿ" ಎಂದಿತ್ತು.

"ಒಳಗಿದ್ದ ಹುಡುಗಿಗೆ ಹೆಸರಿರ್ಲಿಲ್ವೇನೆ?"

"ಆ ಟೇಪಿನ ಹುಡುಗಿ ನನ್ನ ಕಥೆ ಕೇಳಿದ್ಲು, ನಾನು ನನ್ನದು ಹೇಳ್ದೆ. ನಿನ್ನ ಮನೆಗೂ ಬಂದಿದ್ಲಲ್ಲ, ಬಾಯಿಗೆ ಬೀಗ ಹಾಕ್ಕೊಂಡಿದ್ಯಾ?"

"ರಿವೆಟರ್ರಾ ಅಂತ ಕೇಳಿದ್ಲು. ಅಲ್ಲ ಅಂದೆ."

ಥೆಲ್ಮಾ ಹೊಟ್ಟೆ ಹಿಡಿದುಕೊಂಡು ನಕ್ಕಳು. "ಅಯ್ಯೋ ಪೆದ್ದಿ! ಹೊರಗಿನವ್ರಿಗೆ ನಾವೆಲ್ಲ ರಿವೆಟರ್ರೇ ಕಣೇ! ತಗೋ, ಇನ್ನೊಂದು ತುಂಡು ಕೇಕ್ ತಿನ್ನು."

ಬರ್ನೀಸ್ ತಿನ್ನಲಿಲ್ಲ. ರಸ್ತೆ ದಾಟಿ ಬಂದವಳೇ, ಕೋಟು ಕೂಡ ತೆಗೆಯದೆ ಫೋನು ತಿರುಗಿಸಿದಳು. ಹಾಳೆಗಳು ಶುಕ್ರವಾರ ಅಚ್ಚಿಗೆ ಹೋಗುತ್ತವೆ, ನಾಳೆಯೇ ಬರುತ್ತೇನೆ ಎಂದಳು ಮಿಸ್ ಟಾಲ್ಬಟ್.

ಮರುದಿನ ಬರ್ನೀಸ್ ಬೆಳಗಿನಿಂದಲೇ ಕೂದಲು ಸುರುಳಿ ಮಾಡಿಸಿಕೊಂಡು ಕೂತಿದ್ದಳು. ಒಂದು ಗಂಟೆ ಒಂದೇ ಸಮ ಹೇಳಿದಳು. ಟೇಪು ಮುಗಿಯಿತು.

"ಥೆಲ್ಮಾದು ಎಷ್ಟು ಹಾಳೆ ಆಗಿದೆ?"

"ನಾಲ್ಕು."

"ಹಾಗಾದ್ರೆ ಇನ್ನೊಂದು ಟೇಪ್ ಹಾಕಿ."

ಅದೂ ಮುಗಿಯುತ್ತ ಬಂದಾಗ ಹುಡುಗಿ ಕೇಳಿದಳು: "ಹೊರಗೆ ಗನ್ನು ಹಿಡೀತಿದ್ದವ್ರು ಯಾರು?"

ಕಿಟಕಿಯಾಚೆ ಥೆಲ್ಮಾ, ಖಾಲಿ ಅಂಚೆಡಬ್ಬಿಯೊಳಗೆ ಮೂರನೆಯ ಸಲ ಕೈಹಾಕುವ ನೆಪದಲ್ಲಿ, ಇತ್ತಲೇ ಕಣ್ಣು ನೆಟ್ಟಿದ್ದಳು. ಯಾರೋ ಒಬ್ಬಳು, ಹೆಸರು ಮರೆತಿದೆ ಎನ್ನುವ ಮಾತು ಬರ್ನೀಸಳ ನಾಲಗೆಯ ತುದಿಗೇ ಬಂದಿತ್ತು.

"ಥೆಲ್ಮಾ," ಎಂದಳು. "ಕೈ ಒಂದಿನಾನೂ ನಡುಗ್ತಿರ್ಲಿಲ್ಲ. ಅದು ನಿಜ."

ಹುಡುಗಿ ಬರೆದುಕೊಂಡಳು. ತನಗೆ ಐವತ್ತೆಂಟು ವರ್ಷದ ಮೇಲೆ ಒಂದು ದಿನವೂ ಆಗಿಲ್ಲ ಎಂದು ಬೀದಿಯೆಲ್ಲ ಹೇಳಿಕೊಂಡು ಓಡಾಡುವ ಥೆಲ್ಮಾಳನ್ನು ಬರ್ನೀಸ್ ಇನ್ನೊಮ್ಮೆ ನೋಡಿದಳು.

"ವಯಸ್ಸೂ ಬರ್ಕೊಳ್ಳಿ. ನಲವತ್ತಮೂರನೇ ಇಸವೀಲಿ ಅವಳಿಗಾಗ್ಲೇ ಇಪ್ಪತ್ತೊಂಬತ್ತು."