ಸೇತುವೆಯ ಕಾವಲು ಬಿಟ್ಟವನು ನಾನು

ಹೊಳೆಆಲೂರಿನ ಹಳೆಯ ಸೇತುವೆಯ ಕಾವಲು ಬಿಟ್ಟು ಹೋದವರು ಈರಪ್ಪನವರಲ್ಲ, ನಾನು. ಆ ತಪ್ಪನ್ನು ಅವರ ತಲೆಗೆ ಕಟ್ಟಿದವನೂ ನಾನೇ. ನಾಳೆ ಹೇಳಿದರಾಯಿತು, ಮುಂದಿನ ವಾರ ಹೇಳಿದರಾಯಿತು ಎನ್ನುತ್ತಲೇ ಆರು ವರ್ಷ ಕಳೆದೆ.

ರೋಣದಲ್ಲಿ ನನ್ನದೊಂದು ಕಿರಾಣಿ ಅಂಗಡಿ. ನಲವತ್ತು ದಾಟಿದ ಮೇಲೆ ಗೃಹರಕ್ಷಕ ದಳ ಸೇರಿದೆ. ಸೇವೆಗಾಗಿ ಎಂದು ಎಲ್ಲರಿಗೂ ಹೇಳಿದೆ — ಖಾಕಿ ತೊಟ್ಟು ಬಜಾರದಲ್ಲಿ ಹಾಯುವ ಆಸೆಯೇ ಹೆಚ್ಚಿತ್ತು. ನಮ್ಮದು ನೋಡಿದವರಿಗೆ ನಗು ಬರುವಂಥ ತುಕಡಿ. ಹೊಟ್ಟೆ ಬಂದ ವ್ಯಾಪಾರಿಗಳು, ಮಂಡಿನೋವಿನ ನಿವೃತ್ತ ಮಾಸ್ತರರು, ನಾಲ್ಕಾರು ರೈತರು, ಮತ್ತೆ ಅಬ್ಬಿಗೇರಿಯ ಟೇಲರ್ ಈರಪ್ಪನವರು. ಐವತ್ತು ದಾಟಿದ್ದ ಅವರಿಗೆ ಕವಾಯತು ಒಗ್ಗಲೇ ಇಲ್ಲ. ಎಡ ಎಂದರೆ ಬಲಗಾಲು ಎತ್ತುವರು. ಭಾನುವಾರ ರೋಣದ ಸರಕಾರಿ ಕನ್ನಡ ಸಾಲಿಯ ಮೈದಾನದಲ್ಲಿ ಅದನ್ನು ನೋಡಲೆಂದೇ ಜನ ಗೋಡೆ ಹತ್ತಿ ಕೂಡುತ್ತಿದ್ದರು. ತುಕಡಿಯ ಮುಂದಾಳಾದ ನಾನೂ ಆ ಜನರೊಡನೆ ಸೇರಿ ನಗುತ್ತಿದ್ದೆ. ನಮ್ಮ ಖಾಕಿ ಬಿಗಿಯಾದಾಗ ಹೊಲಿಗೆ ಬಿಚ್ಚಿ ಸಡಿಲ ಮಾಡಿಕೊಡುತ್ತಿದ್ದವರು ಮಾತ್ರ ಅವರೇ.

ಆ ವರ್ಷ ಮಲಪ್ರಭೆ ತುಂಬಿ ಬಂದಳು. ಹೊಳೆಆಲೂರಿನ ತಗ್ಗಿನ ಮನೆಗಳಿಗೆ ನೀರು ನುಗ್ಗಿತು. ಜನರನ್ನು ಅಲ್ಲಿನ ಎತ್ತರದ ಸಾಲಿಗೆ ಸಾಗಿಸುವ ಕೆಲಸ ನಮ್ಮ ತುಕಡಿಗೆ ಬಿತ್ತು. ಈರಪ್ಪನವರೊಬ್ಬರನ್ನೇ ಸಾಲಿಯಲ್ಲಿ ಅನ್ನ ಬಡಿಸಲು ಹಚ್ಚಿ, ಉಳಿದವರನ್ನು ತಗ್ಗಿನ ಓಣಿಗಳಿಗೆ ಕಳಿಸಿ, ಸೇತುವೆಯ ಕಾವಲಿಗೆ ನಾನೇ ನಿಂತೆ. ರಸ್ತೆಗೆ ಅಡ್ಡ ಕಟ್ಟಿದ ಬಿದಿರಿನ ಗಳವನ್ನು ಯಾರೂ ದಾಟದಂತೆ ನೋಡಿಕೊಳ್ಳುವುದು — ಅಷ್ಟೇ ಕೆಲಸ.

ಮಧ್ಯಾಹ್ನ ಮೂರರ ಸುಮಾರಿಗೆ ನೀರು ಸೇತುವೆಯ ಮೇಲೆ ಹತ್ತಿತು. ಒಂದಿಡೀ ಜಾಲಿ ಮರ ಬೇರುಸಮೇತ ತೇಲಿ ಬಂದು ಕಲ್ಲಿಗೆ ಬಡಿದ ಸದ್ದು — ಕಾಲ ಕೆಳಗಿನ ನೆಲ ಅದುರಿತು. ನನಗೆ ಅಂಜಿಕೆಯಾಯಿತು. ಹಗ್ಗ ತರುತ್ತೇನೆ ಎಂದು ನನಗೆ ನಾನೇ ಹೇಳಿಕೊಂಡು ಹೊರಟೆ. ಹಗ್ಗ ತರಲಿಲ್ಲ. ರೈಲು ನಿಲ್ದಾಣದ ಎತ್ತರದ ಕಟ್ಟೆಯ ಮೇಲೆ ಕುಳಿತು ಚಹಾ ಕುಡಿದೆ. ಒಂದಾದ ಮೇಲೆ ಇನ್ನೊಂದು...

ಅಷ್ಟರಲ್ಲಿ ಮುದುಕನೊಬ್ಬ ಆಚೆ ದಂಡೆಯಲ್ಲಿ ಕಟ್ಟಿದ ಎಮ್ಮೆ ಬಿಚ್ಚಿ ಬರುತ್ತೇನೆಂದು ಗಳದಡಿ ನುಸುಳಿ ಸೇತುವೆಗೆ ಇಳಿದ. ಸಾಲಿಯ ಮೆಟ್ಟಿಲ ಮೇಲಿದ್ದ ಈರಪ್ಪನವರು ಅದನ್ನು ಕಂಡು, ಅನ್ನದ ಸೌಟು ಬಿಸಾಕಿ ಓಡಿದರು. ಸೊಂಟಮಟ್ಟದ ನೀರಲ್ಲಿ, ಸೇತುವೆಯಂಚಿನ ಕಲ್ಲುಗಳನ್ನು ಒಂದೊಂದಾಗಿ ಹಿಡಿದು ಹೋಗಿ ಮುದುಕನನ್ನು ಎಳೆತಂದರು. ಮುದುಕ ಬದುಕಿದ. ಈರಪ್ಪನವರ ಬಲಗೈ ಮಾತ್ರ ತೇಲಿ ಬಂದ ಮರದ ಬೊಡ್ಡೆಗೂ ಕಲ್ಲಿಗೂ ನಡುವೆ ಸಿಕ್ಕು ಜಜ್ಜಿಹೋಯಿತು.

ಮುಂದಿನ ಭಾನುವಾರ ಮೈದಾನದಲ್ಲಿ ಮೇಲಧಿಕಾರಿಗಳು ನಮ್ಮನ್ನೆಲ್ಲ ಸಾಲಾಗಿ ನಿಲ್ಲಿಸಿ, ಕಾವಲಿಗೆ ಯಾರಿದ್ದರು ಎಂದು ಕೇಳಿದರು. ಈರಪ್ಪನವರು ಕೈಗೆ ಪಟ್ಟಿ ಸುತ್ತಿಕೊಂಡು ಸಾಲಿನ ಕೊನೆಗೆ ನಿಂತಿದ್ದರು.

"ಈರಪ್ಪಗ ಒಪ್ಪಿಸಿ ಹಗ್ಗಾ ತರಾಕ ಹೋಗಿದ್ನಿರಿ, ಸಾಹೇಬ್ರ," ಎಂದೆ. "ಅವರು ಬಿಟ್ಟು ಸಾಲಿ ಕಡೆ ಹೋಗ್ಯಾರ."

ಈರಪ್ಪನವರು ನನ್ನನ್ನು ನೋಡಿದರು. ಬಾಯಿ ತೆರೆದರು — ಮತ್ತೆ ಮುಚ್ಚಿದರು. ಸಾಲಿನಲ್ಲಿ ಯಾರೋ ಕಿಸಕ್ಕನೆ ನಕ್ಕರು. ಖಾಕಿ ತಂದೊಪ್ಪಿಸಲು ಅವರಿಗೆ ಹೇಳಲಾಯಿತು. ಮರುದಿನವೇ ಒಗೆಸಿ, ಇಸ್ತ್ರಿ ಮಾಡಿಸಿ ತಂದುಕೊಟ್ಟರು. ಅವರ ಬಲಗೈಯ ಎರಡು ಬೆರಳನ್ನು ಮುಂದೆಂದೂ ಮಡಚಲಾಗಲಿಲ್ಲ. ಕತ್ತರಿ ಹಿಡಿಯಲಾಗದೆ ಅರಿವೆ ಕತ್ತರಿಸುವುದನ್ನು ಬಿಟ್ಟರು.

ಈ ವರ್ಷ ಸನ್ಮಾನಕ್ಕೆಂದು ನನ್ನ ಹೆಸರು ಕಳಿಸುವ ಮಾತು ಬಂತು. ಅರ್ಜಿ ಬರೆದ ದಳದ ಗುಮಾಸ್ತರು, ವಿಶೇಷ ಸೇವೆ ಎಂಬಲ್ಲಿ ಆ ಮುದುಕನನ್ನು ಉಳಿಸಿದ್ದು ನನ್ನ ಮುಂದಾಳ್ತನದಲ್ಲಿ ಎಂದು ತಾವೇ ತುಂಬಿ, ಸಹಿ ಮಾಡಿರಿ ಎಂದರು. ಪೆನ್ನು ತೆರೆದೆ. ಹಾಗೆಯೇ ಮುಚ್ಚಿ, ಮೋಟಾರ್ ಸೈಕಲ್ ಹತ್ತಿ ಅಬ್ಬಿಗೇರಿಗೆ ಹೋದೆ.

ಈರಪ್ಪನವರು ಪಡಸಾಲೆಯಲ್ಲಿ ಎಡಗೈಯಿಂದ ಅಂಗಿಗೆ ಗುಂಡಿ ಹಚ್ಚುತ್ತಿದ್ದರು. ನಾನು ಎಲ್ಲವನ್ನೂ ಹೇಳಿದೆ. ಅಂಜಿದ್ದು, ನಿಲ್ದಾಣದಲ್ಲಿ ಕೂತಿದ್ದು. ಅವರು ಸೂಜಿಯನ್ನು ಬಟ್ಟೆಗೆ ಚುಚ್ಚಿಟ್ಟರು. ಅಂದು ಯಾಕೆ ಸುಮ್ಮನಿದ್ದಿರಿ ಎಂದು ಕೇಳಿದೆ — ಕೇಳುವ ಹಕ್ಕಿತ್ತೇ ನನಗೆ?

"ನಾ ಹೇಳಿದ್ರ ಯಾರ್ ನಂಬ್ತಿದ್ರು, ಸಾವ್ಕಾರ್ರ? ನನ್ನ ನೋಡಿ ನಗಾಕತ್ತಿದ್ರಿ, ಎಲ್ಲಾರೂ."

ಬಳಿಕ ಒಳಗೆ ತಿರುಗಿ ಹೆಂಡತಿಯನ್ನು ಕರೆದರು. "ನೀಲವ್ವಾ, ಬಾ ಇಲ್ಲೆ. ಇವ್ರು ಒಂದ್ ಮಾತ್ ಹೇಳ್ತಾರ, ಕೇಳು."

ಒಪ್ಪಿಸಿದ ಕೆಲಸವನ್ನು ಗಂಡ ಬಿಟ್ಟು ಹೋದ, ಅದರಿಂದಲೇ ಕೈ ಕಳೆದುಕೊಂಡ ಎಂದು ಆ ತಾಯಿ ಆರು ವರ್ಷ ನಂಬಿದ್ದರಂತೆ. ಗಂಡನ ಮಾತನ್ನೂ ನಂಬಿರಲಿಲ್ಲ. ಊರೆಲ್ಲ ನನ್ನ ಮಾತನ್ನೇ ಆಡುತ್ತಿತ್ತು. ಕೈಗೆ ಹತ್ತಿದ ಹಿಟ್ಟು ಒರೆಸುತ್ತ ಬಂದು ಬಾಗಿಲಲ್ಲಿ ನಿಂತರು. ಅವರ ಮುಂದೆ ಇನ್ನೊಮ್ಮೆ ಹೇಳಿದೆ. ಮೊದಲ ಸಲಕ್ಕಿಂತ ಕಷ್ಟವಾಯಿತು.

ಅವರು ಗಂಡನ ಕೈಯನ್ನು ನೋಡಿದರು. ಆಮೇಲೆ ನನ್ನ ಕಡೆ ತಿರುಗಿದರು. "ಇವ್ರಿಗೆ ಈಜು ಬರಂಗಿಲ್ಲ. ಗೊತ್ತಿತ್ತೇನ್ರಿ ನಿಮಗ?"

ಗೊತ್ತಿರಲಿಲ್ಲ. ನನಗೆ ಈಜು ಬರುತ್ತದೆ.

ಅದನ್ನೂ ಅವರಿಗೆ ಹೇಳಿದೆ. ಅವರು ಒಳಗೆ ಹೋದರು. ಈರಪ್ಪನವರು ಮತ್ತೆ ಸೂಜಿ ಹಿಡಿದರು. ಇಬ್ಬರೂ ನನಗೆ ಕೂಡ್ರಿ ಎನ್ನಲಿಲ್ಲ, ಹೋಗ್ರಿ ಎನ್ನಲಿಲ್ಲ.

ಈ ಬರಹದ ಒಂದು ಪ್ರತಿಗೆ ಸಹಿ ಮಾಡಿ ಮೇಲಧಿಕಾರಿಗಳಿಗೆ ಕೊಟ್ಟಿದ್ದೇನೆ. ಬರುವ ಭಾನುವಾರ ತುಕಡಿಯ ಮುಂದೆ ನಾನೇ ನಿಂತು ಇದನ್ನು ಓದುತ್ತೇನೆ — ಒಂದು ಸಾಲನ್ನೂ ಬಿಡದೆ.