ಒಂಬತ್ತು ಬ್ಲೈಂಡ್ ಇಳಿಸಿದ ಅಕ್ಕ

ಜೂನ್ ೧೫, ಭಾನುವಾರ. ಬೆಳಿಗ್ಗೆ ೬.೪೦ಕ್ಕೆ ಪತ್ರಿಕೆಗೆ ಬರೆಯಲು ಕೂತೆ.

ಅಕ್ಕನ ಬಲಗೈ ಹೆಬ್ಬೆರಳಿನ ಉಗುರು ದಪ್ಪಗೆ, ಹಳದಿಯಾಗಿ, ತುದಿಯಲ್ಲಿ ಉಳಿಯಂತೆ ಚಪ್ಪಟೆಯಾಗಿತ್ತು. ಕಾಪುವಿನ ಕಡಲ ಬದಿಯ ಮನೆಯಲ್ಲಿ ಚಿಕ್ಕಂದಿನಿಂದ ಮರುವಾಯಿ ಎಂಬ ಕಪ್ಪೆಚಿಪ್ಪನ್ನು ಬಿಡಿಸಿ ಬಿಡಿಸಿ ಹಾಗಾದದ್ದಂತೆ. ಮಣಿಪಾಲದ ನಮ್ಮ ಪಿ.ಜಿ.ಯಲ್ಲಿ ಅವರು ಗುಡಿಸಿ ಒರೆಸುವ ಕೆಲಸಕ್ಕಿದ್ದರು. ಏಳು ಕೋಣೆ, ಒಂಬತ್ತು ಕಿಟಕಿ, ಹದಿನಾಲ್ಕು ಹುಡುಗಿಯರು. ಎಲ್ಲರಿಗೂ ಅವರು ಅಕ್ಕ. ಉಳಿದವರೊಡನೆ ತುಳು, ಹಾವೇರಿಯವಳಾದ ನನ್ನೊಡನೆ ಮಾತ್ರ ಕನ್ನಡ. "ಎಂತ ಮಾರಾಯ್ತಿ, ಚಹಾ ಆಯ್ತಾ?" ಎಂಬಲ್ಲಿಂದ ಅವರ ದಿನ ಶುರು.

ಕಳೆದ ವರ್ಷ ಮೇ ತಿಂಗಳಲ್ಲಿ ಎದುರು ಮನೆಯವರು ದೂರಿದರು: ಹುಡುಗಿಯರು ಕಿಟಕಿಯಲ್ಲಿ ಕಾಣುತ್ತಾರೆ. ಮಾಲಕರು ಎಲ್ಲ ಕಿಟಕಿಗೂ ದಪ್ಪ ಬಟ್ಟೆಯ ಬ್ಲೈಂಡ್ ಹಾಕಿಸಿ, ಯಾರೂ ಮೇಲೆತ್ತಬಾರದೆಂದು ಎಳೆಯುವ ದಾರವನ್ನು ಕತ್ತರಿಸಿಬಿಟ್ಟರು. ಹಗಲಲ್ಲೂ ಲೈಟು. ಎಂಟನೇ ದಿನ ಬಟ್ಟೆಗೆ ಬೂಸು ಹಿಡಿಯಿತು. ಅದರಿಂದ ನನಗೆ ಹತ್ತಿದ ಕೆಮ್ಮು ಹನ್ನೊಂದನೇ ದಿನಕ್ಕೂ ನಿಲ್ಲಲಿಲ್ಲ. ಬ್ಲೈಂಡ್ ತೆಗೆಸಿರೆಂದು ಎರಡು ಸಲ ಕೇಳಿದೆವು. "ಮರ್ಯಾದೆಯ ವಿಷಯ" ಎಂದರು ಮಾಲಕರು.

ಮೊದಲ ದೊಡ್ಡ ಮಳೆ ಸುರಿದ ಬೆಳಿಗ್ಗೆ ಅಕ್ಕ ನನ್ನ ಕೋಣೆಗೆ ಸ್ಟೂಲ್ ತಂದರು. ಬ್ಲೈಂಡಿನ ಮೇಲಿನ ಉದ್ದ ಪಟ್ಟಿಯ ಹಿಂದೆ ಹೆಬ್ಬೆರಳು ತೂರಿಸಿ ಕ್ಲಿಪ್ ಒತ್ತಿದರು. ಟಕ್. ಹಿಂಬದಿ ಜಾರಿತು, ಮುಂಬದಿಯನ್ನು ಕೊಕ್ಕೆಯಿಂದ ಬಿಡಿಸಿ ಇಡೀ ಬ್ಲೈಂಡನ್ನು ತೋಳಿಗೆ ಇಳಿಸಿಕೊಂಡರು.

"ನೋಡ್ಕೊ. ಹಿಂದೆ ಒತ್ತುದು, ಮುಂದೆ ಬಿಡಿಸುದು. ಎಳೀಬೇಡ, ಎಳೆದ್ರೆ ಗೋಡೆಯ ಸಿಮೆಂಟು ಸಮೇತ ಬರ್ತದೆ."

"ಅಕ್ಕ, ಸರ್ ಬೈತಾರೆ."

"ಬೂಸು ಹಿಡಿದದ್ದನ್ನು ತೊಳೀಬಾರ್ದು ಅಂತ ಕಾನೂನು ಉಂಟಾ?"

ಇಲ್ಲಿ ಮಳೆ ಹಿಡಿದ ಮೇಲೆ ಯಾರೂ ದಪ್ಪ ಬಟ್ಟೆ ಒಗೆಯುವುದಿಲ್ಲ. ಕಂಬಳಿ, ಚಾದರ ಎಲ್ಲ ಮೇ ಬಿಸಿಲಿನಲ್ಲೇ ಮುಗಿಯಬೇಕು. ಐವತ್ತು ಮಳೆಗಾಲ ಕಂಡ ಅಕ್ಕನಿಗೆ ಇದು ಗೊತ್ತಿಲ್ಲವೆ? ಅವರು ಒಂಬತ್ತು ಬ್ಲೈಂಡನ್ನೂ ಅದೇ ದಿನ ನೆನೆಸಿದರು.

ಆರನೇ ದಿನ ಮಾಲಕರು ಕೇಳಿದರು. "ಒಣಗ್ಲಿಲ್ಲ ಧಣಿ." ಹದಿಮೂರನೇ ದಿನ ಮತ್ತೆ ಕೇಳಿದರು. "ನೀವು ಬಿಸಿಲು ತರಿಸಿ, ಈಗ್ಲೇ ಹಾಕ್ತೇನೆ." ಇಪ್ಪತ್ತೆರಡನೇ ದಿನ ಅವರೇ ಬಂದು ಬಟ್ಟೆ ಮುಟ್ಟಿ ನೋಡಿದರು. ಒಣಗಿತ್ತು.

ನಮಗೂ ಕೇಳಲೆಂದೋ ಏನೋ, ಕನ್ನಡದಲ್ಲೇ ಗದರಿದರು: "ಈಗ ಹಾಕು. ಇಲ್ಲದಿದ್ರೆ ನಾಳೆಯಿಂದ ಬರ್ಬೇಡ."

ಅಕ್ಕ ಸೆರಗಿಗೆ ಕೈ ಒರೆಸಿಕೊಂಡರು. "ಹಾಕುದಿಲ್ಲ. ಕಾಣುದು ಎದುರು ಮನೆಯವರಿಗೆ ತೊಂದ್ರೆ ಅಲ್ವಾ? ಅವರ ಕಿಟಕಿಗೆ ಹಾಕ್ಲಿ. ಒಂಬತ್ತುಂಟು, ಸಾಕಾಗ್ತದೆ."

ಯಾರೋ ನಕ್ಕರು. ಮಾಲಕರು ತಾವೇ ಸ್ಟೂಲ್ ಹತ್ತಿ ಪಟ್ಟಿಯನ್ನು ಗೋಡೆಗೆ ಒತ್ತಿದರು. ಮೊದಲು ಮುಂದಿನ ಕೊಕ್ಕೆಗೆ ಸಿಕ್ಕಿಸಬೇಕೆಂದು ಅವರಿಗೆ ತಿಳಿಯಲಿಲ್ಲ. ಮೂರು ಸಲ ಜಾರಿತು. ಅಕ್ಕ ಕೈಕಟ್ಟಿ ನಿಂತಿದ್ದರು, ಹೇಳಿಕೊಡಲಿಲ್ಲ. "ಸ್ಟೂಲ್ ಅಲ್ಲಾಡ್ತದೆ ಧಣಿ, ಜಾಗ್ರತೆ" ಎಂದಷ್ಟೇ ಹೇಳಿ, ಕೊಡೆ ತೆಗೆದುಕೊಂಡು ಹೊರಟುಹೋದರು. ಮರುದಿನ ಬರಲಿಲ್ಲ.

ಅಂಗಡಿಯಿಂದ ಬಂದ ಕೆಲಸಗಾರ ಒಂಬತ್ತನ್ನೂ ಮತ್ತೆ ಏರಿಸಿದ. ಅದೇ ಸಂಜೆ ೪.೧೦ಕ್ಕೆ ನಾನು ಸ್ಟೂಲ್ ಹತ್ತಿದೆ. ನನ್ನ ಹೆಬ್ಬೆರಳಿಗೆ ಕ್ಲಿಪ್ ಬಗ್ಗಲಿಲ್ಲ. ಚಮಚದ ಹಿಡಿ ಬಳಸಿದೆ. ಐದು ಗಂಟೆಯೊಳಗೆ ಒಂಬತ್ತೂ ಕೆಳಗಿದ್ದವು. ಮಾಲಕರು ನಾಲ್ಕು ಸಲ ಹಾಕಿಸಿದರು, ನಾವು ನಾಲ್ಕು ಸಲ ಇಳಿಸಿದೆವು. ಕೊನೆಯ ಸಲ ಅವರು ಬಾಗಿಲಲ್ಲೇ ನಿಂತು ನೋಡಿದರು. ನಾನು ಸ್ಟೂಲನ್ನು ಮುಂದಿನ ಕಿಟಕಿಗೆ ಎಳೆದು ಹತ್ತಿದೆ. ಐದನೇ ಸಲ ಎಂಬುದು ಬರಲಿಲ್ಲ.

ನಮಗೆ ಗಾಳಿ ಬಂತು, ಅಕ್ಕನ ಕೆಲಸ ಹೋಯಿತು. ಈ ಲೆಕ್ಕವನ್ನು ಹೀಗೇ ಬಿಡಲು ನಾವು ಹದಿನಾಲ್ಕು ಮಂದಿಯೂ ಒಪ್ಪಲಿಲ್ಲ. ಅಕ್ಕ ಬಾರದಿದ್ದರೆ ಎಲ್ಲರೂ ಕೋಣೆ ಬಿಡುತ್ತೇವೆಂದೆವು. "ಆಯ್ತು, ಕರೀರಿ" ಎಂದರು ಮಾಲಕರು. ಅಕ್ಕನ ಫೋನಿಗೆ ಕರೆ ಹೋಗುತ್ತಿಲ್ಲ. ಕಾಪುವಿನ ಮನೆಗೆ ಬೀಗ. ಕಲ್ಯಾಣಪುರದಲ್ಲಿ ತಂಗಿಯ ಮನೆಯಲ್ಲಿದ್ದಾರೆಂದು ನೆರೆಯವರು ಹೇಳಿದರು. ಮೂರು ಭಾನುವಾರ ಹುಡುಕಿದೆವು, ಸಿಗಲಿಲ್ಲ. ಈಗ ವರ್ಷವೇ ಆಗುತ್ತ ಬಂತು.

ಆ ಹೆಬ್ಬೆರಳಿನ ಗುರುತಿನಿಂದ ಅವರನ್ನು ಬಲ್ಲವರು ದಯವಿಟ್ಟು ಈ ಪತ್ರಿಕೆಗೆ ಒಂದು ಸಾಲು ಬರೆಯಿರಿ. ಕೆಲಸ ಅವರಿಗಾಗಿ ಕಾದಿದೆ ಎಂದು ಅವರಿಗೆ ತಿಳಿಸಿ. "ಬರುದಿಲ್ಲ" ಎಂದರೆ ಅದೂ ಸರಿ. ಆದರೆ ಹಾಗೆನ್ನುವುದಾದರೆ ಅವರೇ ನಮ್ಮೆದುರು ನಿಂತು ಅನ್ನಲಿ.